ಬಾಯಲ್ಲಿ ಗುಂಡುಪಿನ್ನು: ಮೆಕ್ಸಿಕೋ ನಗರದ ಒಂದು ಮೊದಲ ಚಿತ್ರದ ಪ್ರಕರಣ

ಇದು ಮೆಕ್ಸಿಕೋ ನಗರದ ಯುವ ನಿರ್ದೇಶಕಿಯೊಬ್ಬರ ಮೊದಲ ಕಥಾಚಿತ್ರದ ಪ್ರಕರಣ. ಚಿತ್ರದ ಹೆಸರು, ವರ್ಷ, ಓಣಿ, ಕಲಾವಿದರ ಗುರುತು ಯಾವುದನ್ನೂ ಇಲ್ಲಿ ಕೊಟ್ಟಿಲ್ಲ. ಒಂದೆರಡು ವಿವರಗಳನ್ನು ಬೇಕೆಂದೇ ಬದಲಿಸಿದೆ. ಬದಲಿಸದೆ ಉಳಿಸಿಕೊಂಡಿದ್ದು ತೀರ್ಮಾನಗಳನ್ನು ಮಾತ್ರ: ಯಾವ ಹಂತದಲ್ಲಿ ಯಾರು ಏನು ಬೇಡವೆಂದರು, ಅದರಿಂದ ಏನು ಕೆಟ್ಟಿತು, ಏನು ದಕ್ಕಿತು.

ಹಿನ್ನೆಲೆ

ಮೆಕ್ಸಿಕೋದಲ್ಲಿ ನಿರ್ದೇಶಕರ ಮೊದಲ ಚಿತ್ರಕ್ಕೆ ‘ಓಪೆರಾ ಪ್ರಿಮಾ’ ಎನ್ನುತ್ತಾರೆ. ಅದಕ್ಕೆ ಹಣ ಹೊಂದಿಸುವ ದಾರಿಗಳು ಎಣಿಸಿದಷ್ಟೇ. ಸರ್ಕಾರಿ ಚಲನಚಿತ್ರ ಸಂಸ್ಥೆ ಇಮ್ಸಿನೆಯ ನೆರವು ಒಂದು. ಹಳೆಯ ನಿಧಿಗಳು 2020ರಲ್ಲಿ ಮುಚ್ಚಿದ ಮೇಲೆ ಅದು ಫೋಸಿನೆ ಎಂಬ ಯೋಜನೆಯಡಿ ಬರುತ್ತದೆ. ಇನ್ನೊಂದು ಎಫಿಸಿನೆ: ವರಮಾನ ತೆರಿಗೆ ಕಾನೂನಿನ 189ನೇ ವಿಧಿಯಂತೆ ಕಂಪನಿಗಳು ತಾವು ಕಟ್ಟಬೇಕಾದ ತೆರಿಗೆಯ ಒಂದು ಪಾಲನ್ನು ಚಿತ್ರಕ್ಕೆ ತೊಡಗಿಸುವ ವ್ಯವಸ್ಥೆ. ಎರಡರಲ್ಲೂ ಸಮಿತಿಯ ಮುಂದೆ ಹೋಗುವುದು ಕಾಗದ. ಕಾಗದದ ಮೇಲೆ ಮೌನ ಕಾಣುವುದಿಲ್ಲ, ಸ್ವಗತ ಕಾಣುತ್ತದೆ. ಮುಂದೆ ಆದ ಎಡವಟ್ಟಿನ ಬೇರು ಇಲ್ಲೇ ಇತ್ತು.

ಕಥೆ ಚಿಕ್ಕದು. ಹೆಣ್ಣುಮಕ್ಕಳಿಗೆ ಹದಿನೈದು ತುಂಬಿದಾಗ ಅಲ್ಲಿ ದೊಡ್ಡ ಹಬ್ಬ ಮಾಡುತ್ತಾರೆ. ಅದರ ಗೌನು ಮದುವೆ ಉಡುಪಿಗೇನೂ ಕಡಿಮೆಯಲ್ಲ: ಎಲುಬುಪಟ್ಟಿ ಸೇರಿಸಿದ ಬಿಗಿ ಮೇಲಂಗಿ, ಬೆನ್ನಿಗೆ ಕಟ್ಟುವ ದಾರ, ಕೆಳಗೆ ಪದರಪದರ ನೆಟ್ ಬಟ್ಟೆ, ಎದೆಯ ಮೇಲೆಲ್ಲ ಮಣಿ, ಚಮಕಿ. ನಗರದ ಹಳೆಯ ನಡುಭಾಗದ ರೆಪುಬ್ಲಿಕಾ ದೆ ಚೀಲೆ ಬೀದಿಯಲ್ಲಿ ಇಂಥ ಅಂಗಡಿಗಳು ಸಾಲಾಗಿವೆ. ಅಂಥ ಅಂಗಡಿಗಳಿಗೆ ಮನೆಯಲ್ಲೇ ಕೂತು ಮಣಿ ಹೊಲಿದುಕೊಡುವ ಅರವತ್ತರ ಆಸುಪಾಸಿನ ಹೆಂಗಸು ಚಿತ್ರದ ನಾಯಕಿ. ಊರಿನ ಹುಡುಗಿಯರಿಗೆಲ್ಲ ಹೊಲಿದ ಕೈ ಅದು. ಈಗ ಸ್ವಂತ ಮೊಮ್ಮಗಳಿಗೆ ಹದಿನೈದು ತುಂಬಲಿದೆ. ಅವಳಿಗೆ ಹಬ್ಬವೂ ಬೇಡ, ಗೌನೂ ಬೇಡ. ಅಜ್ಜಿ ರಾತ್ರಿ ಹೊತ್ತು ಗುಟ್ಟಾಗಿ ಹೊಲಿಯುತ್ತಿದ್ದಾಳೆ.

ಮನೆಯಿರುವುದು ಒಂದು ‘ವೆಸಿಂದಾದ್’ನಲ್ಲಿ. ಕನ್ನಡದ ಓದುಗರಿಗೆ ಇದನ್ನು ವಿವರಿಸಬೇಕಾಗಿಲ್ಲ, ನಮ್ಮ ಹಳೆಯ ವಠಾರವೇ: ನಡುವೆ ಅಂಗಳ, ಸುತ್ತ ಒಂದೊಂದು ಕೋಣೆಯ ಮನೆಗಳು, ಎಲ್ಲರಿಗೂ ಸೇರಿದ ಬಟ್ಟೆ ಒಗೆಯುವ ಕಲ್ಲು. ಆಯ್ದ ಕೋಣೆ ಮೂರೂವರೆ ಮೀಟರ್ ಅಗಲ, ನಾಲ್ಕು ಮೀಟರ್ ಉದ್ದ. ಒಂದೇ ಕಿಟಕಿ, ಅದೂ ಅಂಗಳದ ಕಡೆಗೆ.

ನಾಯಕಿಯಾಗಿ ನಟಿಸಿದ್ದು ನಟಿಯಲ್ಲ, ಅದೇ ಕಸುಬಿನ ಹೆಂಗಸು. ಮೊಮ್ಮಗಳ ಪಾತ್ರಕ್ಕೆ ನಾಟಕಶಾಲೆಯಲ್ಲಿ ಕಲಿತ ಹುಡುಗಿ. ಚಿತ್ರೀಕರಣಕ್ಕೆ 24 ದಿನ, ಆಗಸ್ಟ್ ಕೊನೆಯಿಂದ ಸೆಪ್ಟೆಂಬರ್ ಕೊನೆಯವರೆಗೆ. ತಂಡದಲ್ಲಿ 14 ಜನ, ಕೋಣೆಯೊಳಗೆ ಹಿಡಿಸುತ್ತಿದ್ದುದು ಐದೇ.

ಆರು ವಾರದ ತಾಲೀಮು

ತಾಲೀಮು ಚೆನ್ನಾಗಿಯೇ ನಡೆಯಿತು. ನಿರ್ದೇಶಕಿ ಮೊದಲ ಎರಡು ವಾರ ಮಾತು ಕಲಿಸಲು ಹೋಗದೆ ಮಣಿ ಹೊಲಿಯುವುದನ್ನು ಕಲಿತರು. ದಿನಕ್ಕೆ ಮೂರು ಗಂಟೆ, ನಾಯಕಿಯ ಮಗ್ಗುಲಲ್ಲೇ ಕೂತು. ಇದರಿಂದ ಚಿತ್ರಕಥೆಯ ತಪ್ಪುಗಳು ಒಂದೊಂದಾಗಿ ಹೊರಬಿದ್ದವು. ಬಾಯಲ್ಲಿ ಗುಂಡುಪಿನ್ನು ಕಚ್ಚಿಕೊಂಡ ದರ್ಜಿ ಉದ್ದುದ್ದ ಮಾತಾಡುವುದಿಲ್ಲ. ಮೂಗಿನಿಂದಲೇ ‘ಹ್ಞೂಂ’ ಅನ್ನುತ್ತಾಳೆ. ಸಿಟ್ಟು ಬಂದರೆ ದನಿ ಏರುವುದಿಲ್ಲ, ದಾರ ಕಡಿಯುವ ರೀತಿ ಬದಲಾಗುತ್ತದೆ.

ಇನ್ನೊಂದು ತಿದ್ದುಪಡಿ ಇನ್ನೂ ಸೂಕ್ಷ್ಮದ್ದು. ಶಾಲೆಯಲ್ಲಿ ಕಲಿತ ಹುಡುಗಿ ಅಜ್ಜಿಯನ್ನು ‘ತು’ ಎಂದು, ಅಂದರೆ ‘ನೀನು’ ಎಂದು ಕರೆದಳು. ನಾಯಕಿಯ ಹುಬ್ಬು ಗಂಟಿಕ್ಕಿತು. ಅವರ ಮನೆಯಲ್ಲಿ ಮೊಮ್ಮಕ್ಕಳು ‘ಉಸ್ತೆದ್’ ಎನ್ನುತ್ತಾರೆ, ನಮ್ಮ ‘ನೀವು’. ಮಾತುಗಳನ್ನೆಲ್ಲ ಹಾಗೇ ಬದಲಿಸಿದರು. ಚಿತ್ರದ ಕೊನೆಯ ಜಗಳದಲ್ಲಿ ಹುಡುಗಿಯ ಬಾಯಿಂದ ಒಂದೇ ಒಂದು ಸಲ ‘ತು’ ಜಾರುತ್ತದೆ. ಬರೆದ ಯಾವ ಬೈಗುಳವೂ ಆ ಕೆಲಸ ಮಾಡುತ್ತಿರಲಿಲ್ಲ.

ನಾಲ್ಕನೇ ವಾರ ನಾಯಕಿ ತಾವಾಗಿಯೇ 1985ರ ಮಾತೆತ್ತಿದರು. ಆ ವರ್ಷ ಸೆಪ್ಟೆಂಬರ್ 19ರ ಬೆಳಿಗ್ಗೆ 7 ಗಂಟೆ 19 ನಿಮಿಷಕ್ಕೆ ನಗರ ನಡುಗಿದಾಗ ಸಾನ್ ಆಂತೋನಿಯೊ ಅಬಾದ್ ರಸ್ತೆಯ ಹೊಲಿಗೆ ಕಾರ್ಖಾನೆಗಳು ಕುಸಿದವು; ಬೆಳಗಿನ ಪಾಳಿಯ ಹೆಂಗಸರು ಒಳಗಿದ್ದರು. ಮಾಲೀಕರು ಜನಕ್ಕಿಂತ ಮೊದಲು ಯಂತ್ರಗಳನ್ನು ಹೊರಗೆ ತೆಗೆಸಿದರು ಎಂಬ ಸಿಟ್ಟು ಇವತ್ತಿಗೂ ಆರಿಲ್ಲ. ಉಳಿದ ಹೆಂಗಸರು ಕಟ್ಟಿಕೊಂಡ ಕಾರ್ಮಿಕ ಸಂಘಕ್ಕೆ ಆ ತಾರೀಖನ್ನೇ ಹೆಸರಾಗಿ ಇಟ್ಟರು. ಹಣಕ್ಕಾಗಿ ಬರೆದ ಚಿತ್ರಕಥೆಯಲ್ಲಿ ಈ ಬಗ್ಗೆ ಒಂದು ಪುಟದ ಸ್ವಗತ ಆಗಲೇ ಇತ್ತು, ಹಳೆಯ ಪತ್ರಿಕೆಗಳಿಂದ ಹೆಕ್ಕಿದ್ದು. ನಿರ್ದೇಶಕಿ ಅದನ್ನು ತೆಗೆದು ನಾಯಕಿಯ ನೆನಪನ್ನೇ ಆ ಜಾಗಕ್ಕೆ ಹಾಕಿದರು. ಕೇಳಿಯೇ ಹಾಕಿದರು. ನಾಯಕಿ ಆಗಲಿ ಎಂದರು. ಒಪ್ಪಂದಕ್ಕೆ ಸಹಿಯೂ ಆಗಿತ್ತು.

ಕೆಟ್ಟಿದ್ದು ಎಲ್ಲಿ

ಮೊದಲ ಎಂಟು ದಿನ ಚಿತ್ರೀಕರಿಸಿದ್ದು 85 ಮಿಲಿಮೀಟರ್ ಲೆನ್ಸಿನಲ್ಲಿ, ದ್ಯುತಿರಂಧ್ರ (ಲೆನ್ಸಿನೊಳಗೆ ಬೆಳಕು ಬಿಡುವ ಕಂಡಿ) ಟಿ 1.5, ಅಂದರೆ ಅಗಲವಾಗಿ ತೆರೆದದ್ದು, ಕ್ಯಾಮೆರಾ ಕೈಯಲ್ಲಿ. ‘ಹತ್ತಿರ ಇರಬೇಕು’ ಎಂಬುದು ತಂಡದ ಮಂತ್ರ. ಹತ್ತಿರ ಇದ್ದದ್ದು ಲೆನ್ಸು. ಒಂದೂವರೆ ಮೀಟರ್ ದೂರದಲ್ಲಿ ಈ ಹೊಂದಾಣಿಕೆಗೆ ಫೋಕಸಿನ ಆಳ ಎರಡೂವರೆ ಸೆಂಟಿಮೀಟರೂ ಇರುವುದಿಲ್ಲ. ಕಣ್ಣು ಸ್ಪಷ್ಟವಾದರೆ ಕಿವಿ ಮಸುಕು. ಕೈಯಂತೂ ಚೌಕಟ್ಟಿನಲ್ಲೇ ಇಲ್ಲ. ಮಣಿ ಹೊಲಿದೇ ಬದುಕಿದ ಹೆಂಗಸಿನ ಚಿತ್ರದಲ್ಲಿ ಬೆರಳು ಕಾಣಲಿಲ್ಲ. ದಿನಾ ರಾತ್ರಿ ರಷಸ್, ಅಂದರೆ ಅಂದಂದು ತೆಗೆದ ಕಚ್ಚಾ ದೃಶ್ಯಗಳನ್ನು ನೋಡುತ್ತಿದ್ದ ಸಂಕಲನಕಾರ ಆರನೇ ದಿನ ಒಂದು ಸಂದೇಶ ಕಳಿಸಿದರು: ಎಲ್ಲ ಶಾಟ್‌ಗಳಲ್ಲೂ ಒಂದೇ ಮುಖ, ಒಂದೇ ದುಃಖ, ಯಾವುದನ್ನು ಯಾವುದರ ಪಕ್ಕ ಇಟ್ಟರೂ ನಡೆಯುತ್ತದೆ. ಹಾಗೆ ನಡೆಯುವುದೇ ಕೆಟ್ಟ ಲಕ್ಷಣ.

ಧ್ವನಿಯ ಕಡೆಯಿಂದ ಇನ್ನೊಂದು ಪೆಟ್ಟು. ಹೊಲಿಗೆ ಯಂತ್ರದ ಮೋಟಾರು ಮಾತನ್ನು ನುಂಗುತ್ತದೆ ಎಂದು ಧ್ವನಿಗ್ರಾಹಕರು ಪ್ಲಗ್ ತೆಗೆಸಿದರು. ನಾಯಕಿ ಬರೀ ಪೆಡಲ್ ಒತ್ತುವ ನಟನೆ ಮಾಡಬೇಕಾಯಿತು. ಸೂಜಿಯಲ್ಲೂ ದಾರವಿರಲಿಲ್ಲ, ಟೇಕ್‌ನಿಂದ ಟೇಕ್‌ಗೆ ಹೊಂದಿಕೆ ತಪ್ಪಬಾರದಲ್ಲ. ನಲವತ್ತು ವರ್ಷ ನಿಜವಾಗಿ ಹೊಲಿದ ಕೈಗೆ ಹೊಲಿದ ಹಾಗೆ ಮಾಡು ಎಂದರೆ ಅದು ಸುಳ್ಳಾಡುತ್ತದೆ. ಭುಜ ಬಿಗಿಯಿತು, ಕಣ್ಣು ಕ್ಯಾಮೆರಾ ಹುಡುಕಿತು. ಕೈಗೆ ಕೆಲಸವಿಲ್ಲದೆ ಅವರು ಮುಖದಿಂದ ನಟಿಸತೊಡಗಿದರು. ನಟಿಯಲ್ಲದವರನ್ನು ಆರಿಸಿ, ಅವರಿಂದ ಸಾಧಾರಣ ನಟಿಯ ಕೆಲಸ ತೆಗೆದ ಹಾಗಾಯಿತು.

ಎಂಟನೇ ದಿನ ಸ್ವಗತ. ಆರು ನಿಮಿಷ, ಒಂದೇ ಟೇಕ್. ನಾಯಕಿ ನಡುವೆ ಅತ್ತರು, ಮುಗಿಸಿದರು. ತಂಡ ಚಪ್ಪಾಳೆ ತಟ್ಟಿತು.

ಒಂಬತ್ತನೇ ದಿನ ಅವರು ಬರಲಿಲ್ಲ. ಹತ್ತನೇ ದಿನವೂ ಇಲ್ಲ. ಫೋನು ತೆಗೆಯಲಿಲ್ಲ. ಹನ್ನೊಂದನೇ ದಿನ ಬೆಳಿಗ್ಗೆ ಏಳಕ್ಕೆ ತಾವೇ ಬಂದು ಕೂತು, ಮಾಡುತ್ತೇನೆ, ಆದರೆ ಮೊನ್ನೆಯದು ಚಿತ್ರದಲ್ಲಿ ಇರಕೂಡದು ಎಂದರು. ಕಾರಣ ಕೇಳಿದಾಗ ಚಪ್ಪಾಳೆಯ ಮಾತು ಒಂದನ್ನೇ ಹೇಳಿದರು.

ತಿರುವು

ಕಾನೂನಿನ ಲೆಕ್ಕದಲ್ಲಿ ತಂಡದ ಕೈ ಮೇಲಿತ್ತು. ಸಹಿ ಇತ್ತು, ಎರಡು ದಿನದ ನಷ್ಟವೂ ಆಗಿತ್ತು. ಚಿತ್ರ ನಿಂತಿರುವುದೇ ಆ ದೃಶ್ಯದ ಮೇಲೆ ಎಂಬುದು ನಿರ್ಮಾಪಕರ ವಾದ. ಹಣ ಕೊಟ್ಟ ಸಮಿತಿ ಮೆಚ್ಚಿದ್ದೂ ಅದನ್ನೇ. ಆಮೇಲೆ ಮಾತಾಡಿ ಒಪ್ಪಿಸೋಣ, ಈಗ ಹೂಂ ಅನ್ನೋಣ ಎಂಬ ಸಲಹೆಯೂ ಬಂತು. ಈ ಕಸುಬಿನಲ್ಲಿ ಅತಿ ಹೆಚ್ಚು ಕೇಳಿಬರುವ, ಅತಿ ಅಪಾಯದ ಸಲಹೆ ಅದು. ಆಕೆ ಉಳಿದ ಹದಿನಾಲ್ಕು ದಿನ ಕ್ಯಾಮೆರಾ ಮುಂದೆ ಕೂರಬೇಕು. ಹುಸಿ ಭರವಸೆಯ ಮೇಲೆ ಕೂತ ದೇಹ ಹೇಗಿರುತ್ತದೆ ಎಂಬುದು ಮೊದಲ ವಾರದ ರಷಸ್‌ನಲ್ಲೇ ಕಂಡಿತ್ತು.

ನಿರ್ದೇಶಕಿ ಅಂದೇ ದೃಶ್ಯವನ್ನು ತೆಗೆದರು. ಬರೀ ಬಾಯಿಮಾತಲ್ಲ: ಎರಡು ಬ್ಯಾಕಪ್‌ಗಳಿಂದ ಅಳಿಸಿ, ಮೂಲ ಪ್ರತಿಯೊಂದನ್ನು ಪುಟ್ಟ ಡ್ರೈವಿಗೆ ಹಾಕಿ ನಾಯಕಿಯ ಕೈಗೆ ಕೊಟ್ಟರು. ಸಂಕಲನಕಾರರಿಗೂ ಪ್ರತಿ ಉಳಿಯಲಿಲ್ಲ. ಚಿತ್ರದ ನಡುವೆ ಆರು ನಿಮಿಷದ ಗುಂಡಿ ಬಿತ್ತು.

ಅದೇ ಮಧ್ಯಾಹ್ನ ಉಳಿದದ್ದನ್ನೂ ಬದಲಿಸಿದರು. ಇಲ್ಲಿ ವಿವರ ಮುಖ್ಯ.

85ರ ಬದಲು ಉಳಿದ ಚಿತ್ರೀಕರಣಕ್ಕೆಲ್ಲ ಒಂದೇ 35 ಮಿಲಿಮೀಟರ್ ಲೆನ್ಸ್. ಕ್ಯಾಮೆರಾ ಗಿಡ್ಡ ಟ್ರೈಪಾಡಿನ ಮೇಲೆ, ನೆಲದಿಂದ 1.15 ಮೀಟರ್, ಕುರ್ಚಿಯಲ್ಲಿ ಕೂತವರ ಕಣ್ಣಿನ ಎತ್ತರ ಅದು. ದೂರ 1.8 ಮೀಟರ್. ಅಲ್ಲಿಂದ ಚೌಕಟ್ಟಿನಲ್ಲಿ ಅಡ್ಡಕ್ಕೆ ಸುಮಾರು 1.3 ಮೀಟರ್ ಹಿಡಿಸುತ್ತದೆ: ತಲೆ, ಕೈ, ಯಂತ್ರ, ಮೇಜಿನ ತುದಿಯ ಕಾಫಿ ಲೋಟ. ಟಿ 4ಕ್ಕೆ ಹೋದಾಗ ಫೋಕಸಿನ ಆಳ ಅರ್ಧ ಮೀಟರಿನಷ್ಟಾಯಿತು. ನಾಯಕಿ ಬಗ್ಗಿದರೆ, ಒರಗಿದರೆ ಹಿಂಬಾಲಿಸುವ ಗೋಜಿಲ್ಲ. ಫೋಕಸ್ ಹಿಡಿಯುವವರು ಕೋಣೆಯಿಂದಲೇ ಹೊರಗೆ ಹೋದರು. ಒಬ್ಬರು ಕಡಿಮೆಯಾದದ್ದೇ ದೊಡ್ಡ ಲಾಭ.

ಬೆಲೆ ತೆತ್ತಿದ್ದು ಬೆಳಕಿನಲ್ಲಿ. ಟಿ 1.5ರಿಂದ ಟಿ 4ಕ್ಕೆ ಸುಮಾರು ಮೂರು ಸ್ಟಾಪ್; ಒಂದೊಂದು ಸ್ಟಾಪಿಗೂ ಬೆಳಕು ಇಮ್ಮಡಿ, ಅಂದರೆ ಸುಮಾರು ಎಂಟು ಪಟ್ಟು ಬೆಳಕು ಬೇಕು. ಐಎಸ್‌ಒವನ್ನು (ಬೆಳಕಿಗೆ ಕ್ಯಾಮೆರಾದ ಸೂಕ್ಷ್ಮತೆ) 800ರಿಂದ 1600ಕ್ಕೆ ಏರಿಸಿ ಒಂದು ಸ್ಟಾಪ್ ಗಳಿಸಿದರು; ಉಳಿದದ್ದು ಅಂಗಳದಲ್ಲಿ ಮಲ್ ಬಟ್ಟೆಯ ಪರದೆ ಕಟ್ಟಿ ಅದರ ಹಿಂದೆ ನಿಲ್ಲಿಸಿದ ಎರಡು ಎಲ್‌ಇಡಿಗಳಿಂದ. ಆ ತಿಂಗಳುಗಳಲ್ಲಿ ಮೆಕ್ಸಿಕೋ ನಗರದಲ್ಲಿ ಮಧ್ಯಾಹ್ನದ ಮೇಲೆ ಮಳೆ ಗ್ಯಾರಂಟಿ ಎನ್ನಬಹುದು. ಹಾಗಾಗಿ ಕಿಟಕಿ ಕಾಣುವ ದೃಶ್ಯಗಳೆಲ್ಲ ಬೆಳಿಗ್ಗೆ ಏಳೂವರೆಯಿಂದ ಒಂದರೊಳಗೆ, ಮಳೆ ಹೊಯ್ಯುವಾಗ ರಾತ್ರಿಯ ದೃಶ್ಯಗಳು. ಕೋಣೆಯಲ್ಲಿದ್ದ ಹಳೆಯ ಟ್ಯೂಬ್‌ಲೈಟನ್ನು ತೆಗೆಯದೆ ಷಟರ್ ಕೋನವನ್ನು, ಅಂದರೆ ಒಂದೊಂದು ಫ್ರೇಮಿಗೆ ಬೆಳಕು ಬೀಳುವ ಹೊತ್ತಿನ ಅಳತೆಯನ್ನು, 144 ಡಿಗ್ರಿಗೆ ಇಟ್ಟರು. ಅಲ್ಲಿನ ವಿದ್ಯುತ್ 60 ಹರ್ಟ್ಜ್. 24 ಫ್ರೇಮಿಗೆ ಆ ಕೋನದಲ್ಲಿ ಮಿಣುಕು ಬೀಳುವುದಿಲ್ಲ. ನಮ್ಮಲ್ಲಿ 50 ಹರ್ಟ್ಜ್ ಇರುವುದರಿಂದ ಇದೇ ಕೆಲಸಕ್ಕೆ 172.8 ಡಿಗ್ರಿ ಇಡಬೇಕು. ವಿದೇಶಿ ಪಾಠ ನೋಡಿ 144 ಇಟ್ಟುಕೊಂಡವರು ಇಲ್ಲಿ ಪೇಚಿಗೆ ಸಿಕ್ಕುತ್ತಾರೆ.

ಯಂತ್ರದ ಪ್ಲಗ್ ಮತ್ತೆ ಹಾಕಿದರು. ಸೂಜಿಗೆ ದಾರ ಬಂತು. ಮಾತು ಮೋಟಾರಿನ ಮೇಲೆ ಬೀಳುವುದಾದರೆ ಬೀಳಲಿ. ದರ್ಜಿ ಮುಖ್ಯವಾದದ್ದನ್ನು ಹೇಳುವಾಗ ತಾನಾಗಿಯೇ ಪೆಡಲಿನಿಂದ ಕಾಲು ತೆಗೆಯುತ್ತಾಳೆ. ಹೀಗೆ ಯಾವ ಮಾತು ಕೇಳಿಸಬೇಕು, ಯಾವುದು ಬೇಡ ಎಂಬುದನ್ನು ನಾಯಕಿಯ ಪಾದ ತೀರ್ಮಾನಿಸತೊಡಗಿತು. ಕಾಲರ್ ಮೈಕನ್ನು ಕುತ್ತಿಗೆಗೆ ಹಾಕಿದ ಅಳತೆ ಟೇಪಿನ ಅಡಿಗೆ ಸಿಕ್ಕಿಸಿದರು, ಬೂಮನ್ನು (ಕೋಲಿಗೆ ಕಟ್ಟಿದ ಮೈಕು) ಯಂತ್ರದ ಎದುರು ಮಗ್ಗುಲಿಗೆ ತಿರುಗಿಸಿದರು.

ನಿಜವಾಗಿ ಹೊಲಿದರೆ ಗೌನು ಬೆಳೆಯುತ್ತದೆ, ಇದು ಹೊಸ ತಲೆನೋವು. ಎರಡನೇ ಟೇಕಿಗೆ ಮಣಿ ಬಿಚ್ಚಿದರೆ ಸ್ಯಾಟಿನ್ ಮೇಲೆ ಸೂಜಿಯ ತೂತು ಉಳಿಯುತ್ತದೆ. ಇಸ್ತ್ರಿ ಮಾಡಿದರೂ ಹೋಗುವುದಿಲ್ಲ. ಒಂದೇ ಗೌನಿನ ಮೂರು ಪ್ರತಿ ಮಾಡಿಸಿದರು: ಮಣಿಯಿಲ್ಲದ್ದು, ಅರ್ಧ ಮಣಿಯದು, ಮುಗಿದದ್ದು. ಹೊಲಿಗೆಯ ದೃಶ್ಯಗಳನ್ನು ಕಥೆಯ ಕ್ರಮದಲ್ಲೇ ತೆಗೆಯುವಂತೆ ವೇಳಾಪಟ್ಟಿ ತಿರುಗಿಸಿ, ಪ್ರತಿ ದೃಶ್ಯಕ್ಕೆ ಎರಡೇ ಟೇಕ್ ಎಂದು ಕಟ್ಟು ಹಾಕಿಕೊಂಡರು. ಮೂರೂ ಗೌನಿನ ಮಣಿ ಕೆಲಸ ನಾಯಕಿಯದೇ, ಅಂಗಡಿಯ ದರದಲ್ಲಿ, ದಿನಗೂಲಿ ಬೇರೆ. ಮೊದಲ ಒಪ್ಪಂದದಲ್ಲಿ ಇದು ಇರಲಿಲ್ಲ. ಚಿತ್ರೀಕರಣದ ಐದು ವಾರ ಅವರು ಅಂಗಡಿಯ ಕೆಲಸ ಒಪ್ಪಿಕೊಳ್ಳುವಂತಿರಲಿಲ್ಲ ಎಂಬುದನ್ನು ಯಾರೂ ಲೆಕ್ಕ ಹಾಕಿರಲಿಲ್ಲ.

ಬೀದಿಯ ಸದ್ದಿನದು ಬೇರೆಯೇ ಕಥೆ. ಮೆಕ್ಸಿಕೋ ನಗರದಲ್ಲಿ ಗುಜರಿ ಗಾಡಿಗಳು ಒಂದೇ ಧ್ವನಿಮುದ್ರಿಕೆ ಹಾಕಿಕೊಂಡು ಸುತ್ತುತ್ತವೆ. ಹಾಸಿಗೆ, ಫ್ರಿಜ್, ಒಲೆ, ವಾಷಿಂಗ್ ಮಷೀನ್ ಕೊಳ್ಳುತ್ತೇವೆ ಎಂದು ಪುಟ್ಟ ಹುಡುಗಿಯ ರಾಗದ ದನಿ. ಊರಿಗೆಲ್ಲ ಬಾಯಿಪಾಠ. ಆದ್ದರಿಂದಲೇ ಅದು ಟೇಕಿನ ನಡುವೆ ಬಂದರೆ ಸಂಕಲನ ಸಾಧ್ಯವಿಲ್ಲ: ಒಂದು ಪದ ಹಾರಿದರೂ ಪ್ರತಿ ಪ್ರೇಕ್ಷಕನಿಗೆ ಗೊತ್ತಾಗುತ್ತದೆ. ಮೊದಲ ವಾರ ಗಾಡಿ ಬಂದಾಗಲೆಲ್ಲ ಕಟ್ ಹೇಳುತ್ತಿದ್ದರು. ಆಮೇಲೆ ಗಾಡಿ ದಾಟುವವರೆಗೆ ಕ್ಯಾಮೆರಾ ಓಡುತ್ತಿರಲಿ, ಹೊಲಿಗೆಯೂ ನಡೆಯಲಿ, ಮಾತು ಮಾತ್ರ ನಿಲ್ಲಲಿ ಎಂದು ಬದಲಿಸಿದರು. ಸದ್ದುಗಳನ್ನು ಬೇರೆಯಾಗಿಯೂ ಹಿಡಿದಿಟ್ಟರು: ಬೆಳಿಗ್ಗೆ ಕಸದ ಗಾಡಿಯ ಗಂಟೆ, ಗ್ಯಾಸ್ ಮಾರುವವನ ಕೂಗು, ಸಂಜೆ ಸಿಹಿಗೆಣಸು ಮಾರುವ ಗಾಡಿಯ ಹಬೆ ಸೀಟಿ, ರಾತ್ರಿ ತಮಾಲೆ (ಜೋಳದ ಹಿಟ್ಟಿನ ಹಬೆ ತಿಂಡಿ) ಮಾರುವವನ ಧ್ವನಿವರ್ಧಕ. ಚಿತ್ರದಲ್ಲಿ ಗಡಿಯಾರ ಒಮ್ಮೆಯೂ ಕಾಣುವುದಿಲ್ಲ, ಬೇಕಾಗಲಿಲ್ಲ.

ಸೆಪ್ಟೆಂಬರ್ 19

ಚಿತ್ರೀಕರಣದ 18ನೇ ದಿನ ಆ ತಾರೀಖು ಬಿತ್ತು. ಪ್ರತಿ ವರ್ಷ ಅಂದು ಭೂಕಂಪದ ಕವಾಯತು ನಡೆಯುತ್ತದೆ. ಬೀದಿಯ ಕಂಬಗಳ ಧ್ವನಿವರ್ಧಕಗಳಿಂದ ಸೈರನ್ನು ಮೊಳಗುತ್ತದೆ, ಜನ ಕಟ್ಟಡದಿಂದ ಹೊರಗೆ ಬರುತ್ತಾರೆ. 2017ರಲ್ಲಿ ಅದೇ ದಿನ ಬೆಳಿಗ್ಗೆ ಕವಾಯತು ಮುಗಿದು ಸುಮಾರು ಎರಡು ಗಂಟೆಗೆ, ಮಧ್ಯಾಹ್ನ 1 ಗಂಟೆ 14 ನಿಮಿಷಕ್ಕೆ, ನಿಜವಾದ ಭೂಕಂಪವೇ ಬಂತು. ಅಲ್ಲಿಂದಾಚೆ ಕವಾಯತೆಂದು ಗೊತ್ತಿದ್ದೂ ಆ ಸೈರನ್ನಿಗೆ ಊರಿನ ಎದೆ ಜಗ್ಗುತ್ತದೆ.

ವೇಳಾಪಟ್ಟಿಯಲ್ಲಿ ಅಂದು ಅರ್ಧ ದಿನ ರಜೆ ಎಂದಿತ್ತು. ಬೆಳಿಗ್ಗೆ ಹೊಲಿಯುತ್ತ ಕೂತಿರುತ್ತೇನೆ, ಬೇಕಿದ್ದರೆ ಕ್ಯಾಮೆರಾ ಇಟ್ಟುಕೊಳ್ಳಿ ಎಂದವರು ನಾಯಕಿಯೇ. ನಿರ್ದೇಶನ ಏನೂ ಇರಲಿಲ್ಲ. ಕೋಣೆಯಲ್ಲಿ ಕ್ಯಾಮೆರಾ ಹಿಡಿದವರು ಮತ್ತು ಧ್ವನಿಯವರು, ಇಬ್ಬರೇ. ಸೈರನ್ನು ಬೀಳುವ ನಲವತ್ತು ನಿಮಿಷ ಮೊದಲೇ ಕ್ಯಾಮೆರಾ ಶುರು, ಕಾರ್ಡು ತುಂಬದಂತೆ ಲೆಕ್ಕ ಹಾಕಿ.

ಸೈರನ್ನು ಬಿತ್ತು. ಅವರು ಪೆಡಲಿನಿಂದ ಕಾಲು ತೆಗೆದರು. ಇಸ್ತ್ರಿಪೆಟ್ಟಿಗೆಯ ಪ್ಲಗ್ ಕಿತ್ತರು. ಬಾಯಲ್ಲಿದ್ದ ಗುಂಡುಪಿನ್ನುಗಳನ್ನು ಒಂದೊಂದಾಗಿ ತೆಗೆದು ಮಣಿಕಟ್ಟಿನ ಮೆತ್ತೆಗೆ ಚುಚ್ಚಿದರು. ನಾಲ್ಕು ಪಿನ್ನು, ಆತುರವಿಲ್ಲ. ಅನಂತರ ಗೋಡೆಯ ಕೊಕ್ಕೆಯಿಂದ ಅರ್ಧ ಮಣಿಯ ಗೌನನ್ನು ಇಳಿಸಿ, ಎರಡೂ ಕೈಯಲ್ಲಿ ಮಗುವಿನ ಹಾಗೆ ಎತ್ತಿಕೊಂಡು ಅಂಗಳಕ್ಕೆ ನಡೆದರು. ಖಾಲಿ ಕೋಣೆಯಲ್ಲಿ ಕ್ಯಾಮೆರಾ ಓಡುತ್ತಲೇ ಇತ್ತು. ಒಟ್ಟು 2 ನಿಮಿಷ 50 ಸೆಕೆಂಡ್.

ಸ್ವಗತದ ಗುಂಡಿ ಇದರಿಂದ ತುಂಬಿತು. ಸ್ವಗತ ಹೇಳದ ಒಂದನ್ನು ಇದು ಹೇಳಿತು ಕೂಡ, ಅದು ಹಿತವಾದದ್ದೇನಲ್ಲ: ಜನರಿಗಿಂತ ಮೊದಲು ಯಂತ್ರ ಹೊರಗೆ ತಂದವರ ಊರಿನಲ್ಲಿ ಈಕೆ ಗೌನನ್ನು ಹೊರಗೆ ತರುತ್ತಾಳೆ. ಅದು ಮಾಲೀಕನ ಗೌನೋ ಮೊಮ್ಮಗಳದೋ ಎಂಬುದು ಆ ಹೊತ್ತಿಗೆ ಪ್ರೇಕ್ಷಕರಿಗೆ ಗೊತ್ತಿರುವುದಿಲ್ಲ. ಈ ಅನುಮಾನವನ್ನು ಬಗೆಹರಿಸುವ ಒಂದು ಸಾಲನ್ನು ಸೇರಿಸಲು ನಿರ್ಮಾಪಕರು ಒತ್ತಾಯಿಸಿದರು. ಸೇರಿಸದಿದ್ದದ್ದು ಸರಿ.

ಸಂಕಲನ, ಪರೀಕ್ಷಾ ಪ್ರದರ್ಶನ

ಮೊದಲ ಜೋಡಣೆ 2 ಗಂಟೆ 41 ನಿಮಿಷ. ಮೊದಲ ಎಂಟು ದಿನದ ಸರಕಿನಲ್ಲಿ ಉಳಿದದ್ದು ನಾಲ್ಕು ದೃಶ್ಯ. ಮೊಮ್ಮಗಳ ಗೆಳತಿಯರ ಉಪಕಥೆ ಪೂರ್ತಿ ಹೋಯಿತು. ಆ ನಟಿಯರಿಗೆ ಚಿತ್ರ ಬಿಡುಗಡೆಗೆ ಮುಂಚೆಯೇ ಖುದ್ದಾಗಿ ತಿಳಿಸಿದರು.

ಪರೀಕ್ಷಾ ಪ್ರದರ್ಶನಕ್ಕೆ ಹದಿನಾಲ್ಕು ಜನರನ್ನು ಕೂರಿಸಿದರು, ಸಿನಿಮಾದವರು ಯಾರೂ ಇಲ್ಲದಂತೆ. ಕವಾಯತಿನ ದೃಶ್ಯದಲ್ಲಿ ಸೈರನ್ನು ಕೇಳಿದೊಡನೆ ಮೂವರು ಸೀಟಿನಿಂದ ಅರ್ಧ ಎದ್ದರು, ಒಬ್ಬಾಕೆ ಬಾಗಿಲ ಕಡೆ ನೋಡಿದರು. ದೃಶ್ಯ ಯಾರ ಕಣ್ಣಿಗೂ ಬೀಳಲಿಲ್ಲ. ಪರದೇಶದ ಚಿತ್ರೋತ್ಸವದಲ್ಲಿ ಇದು ಬರೀ ಒಂದು ಸದ್ದು. ಮೆಕ್ಸಿಕೋ ನಗರದ ಚಿತ್ರಮಂದಿರದಲ್ಲಿ ಅದು ಆಜ್ಞೆ. ಧ್ವನಿ ಮಿಶ್ರಣದಲ್ಲಿ ಸೈರನ್ನಿನ ಮೇಲಿನ ಕಂಪನಾಂಕಗಳನ್ನು ಕತ್ತರಿಸಿ, ಗೋಡೆಯಾಚೆಯ ಸದ್ದಿನಂತೆ ಮಂಕಾಗಿಸಿದರು. ಮುಂದಿನ ಸ್ಪೀಕರುಗಳಿಂದ ಮಾತ್ರ ಬರುವಂತೆ, ಸುತ್ತಲಿನವುಗಳಲ್ಲಿ ಒಂದಿಷ್ಟೂ ಇಲ್ಲದಂತೆ ಇಟ್ಟರು. ಅದಕ್ಕೆ ಮೂರು ಸೆಕೆಂಡ್ ಮೊದಲಿಂದ ಹೊಲಿಗೆ ಯಂತ್ರದ ಸದ್ದನ್ನು ತುಸು ಏರಿಸಿದರು. ಈಗ ಪ್ರೇಕ್ಷಕ ಮೊದಲು ಕೇಳುವುದು ಯಂತ್ರ ನಿಂತದ್ದನ್ನು.

ಆ ಪ್ರದರ್ಶನದಲ್ಲೇ ಇನ್ನೊಂದು ದೂರು ಬಂತು: ಅಜ್ಜಿಗೆ ಏನು ಬೇಕು ಎಂಬುದು ಅರ್ಧ ಗಂಟೆಯಾದರೂ ಗೊತ್ತಾಗುವುದಿಲ್ಲ. ಇದು ನ್ಯಾಯವಾದದ್ದೇ. ಪಾತ್ರವೇ ಕಥೆ ಎನ್ನುವ ಚಿತ್ರಗಳು ಮುಗ್ಗರಿಸುವುದು ಹೆಚ್ಚಾಗಿ ಇಲ್ಲೇ. ಮೌನವನ್ನು ಆಳವೆಂದು ತಪ್ಪು ತಿಳಿದು ಪಾತ್ರದ ಬಯಕೆಯನ್ನೇ ಮುಚ್ಚಿಡುತ್ತಾರೆ. ನವೆಂಬರಿನಲ್ಲಿ ಮೂರು ದಿನ ಮತ್ತೆ ಚಿತ್ರೀಕರಣ. ಸೇರಿಸಿದ್ದು ಒಂದೇ ಮುಖ್ಯ ದೃಶ್ಯ, ಏಳನೇ ನಿಮಿಷದಲ್ಲಿ: ಮೊಮ್ಮಗಳು ಬೆನ್ನು ತಿರುಗಿಸಿ ಹಲ್ಲುಜ್ಜುವಾಗ ಅಜ್ಜಿ ಗಾಳಿಯಲ್ಲೇ, ಮುಟ್ಟದೆ, ಅವಳ ಭುಜದಗಲಕ್ಕೆ ಟೇಪು ಹಿಡಿಯುತ್ತಾಳೆ. ಹುಡುಗಿ ತಿರುಗುವಷ್ಟರಲ್ಲಿ ಟೇಪು ಕುತ್ತಿಗೆಗೆ. ಮಾತಿಲ್ಲ, ಹನ್ನೊಂದು ಸೆಕೆಂಡ್.

ಕೊನೆಯ ಅವಧಿ 94 ನಿಮಿಷ. ದೇಶದ ಒಂದು ಮುಖ್ಯ ಚಿತ್ರೋತ್ಸವದ ಸ್ಪರ್ಧೆಯಲ್ಲಿ ತೋರಿಸಿದರು, ಬಹುಮಾನ ಬರಲಿಲ್ಲ. ವಿತರಕರೊಬ್ಬರು ನೋಡಿ, ಕಣ್ಣೀರು ತರಿಸುವ ದೃಶ್ಯ ಒಂದೂ ಇಲ್ಲವಲ್ಲ ಎಂದು ವಾಪಸು ಮಾಡಿದರು. ಕೆಲವೇ ಪರದೆಗಳಲ್ಲಿ ಐದು ವಾರ ಓಡಿತು. ಹಾಕಿದ ಹಣ ಪೂರ್ತಿ ಮರಳಿಲ್ಲ. ಸ್ವಗತ ಇದ್ದಿದ್ದರೆ ಬಹುಮಾನ ಬರುತ್ತಿತ್ತೇನೋ ಎಂದು ನಿರ್ಮಾಪಕರು ಈಗಲೂ ಅನ್ನುತ್ತಾರೆ, ಅವರ ಮಾತನ್ನು ಸುಲಭಕ್ಕೆ ತಳ್ಳಿಹಾಕಲಾಗದು.

ನಿರ್ದೇಶಕಿಯ ಮುಂದಿನ ಚಿತ್ರದ ಒಪ್ಪಂದದಲ್ಲಿ ಎರಡು ಹೊಸ ಕಲಮುಗಳಿವೆ. ಸ್ವಂತ ನೆನಪಿನಿಂದ ಬಂದ ಯಾವ ದೃಶ್ಯವನ್ನಾದರೂ, ಚಿತ್ರೀಕರಿಸಿದ 72 ಗಂಟೆಯೊಳಗೆ, ಕಾರಣ ಕೊಡದೆ ಹಿಂತೆಗೆದುಕೊಳ್ಳುವ ಹಕ್ಕು ಕಲಾವಿದರಿಗಿದೆ. ಕಸುಬುದಾರರು ನಟಿಸುವುದಾದರೆ ಆ ಅವಧಿಯಲ್ಲಿ ಕೈತಪ್ಪುವ ಸಂಪಾದನೆಯನ್ನು ದಿನಗೂಲಿಯ ಹೊರತಾಗಿ ಕಟ್ಟಿಕೊಡಬೇಕು. ಮೊದಲನೆಯ ಕಲಮಿಗಾಗಿ ವೇಳಾಪಟ್ಟಿಯಲ್ಲಿ ಪ್ರತಿ ಎಂಟು ದಿನಕ್ಕೆ ಒಂದು ದಿನ ಖಾಲಿ ಬಿಟ್ಟಿದ್ದಾರೆ. 24 ದಿನದ ಚಿತ್ರ 27 ದಿನದ್ದಾಗುತ್ತದೆ. ಆ ಮೂರು ದಿನದ ಖರ್ಚನ್ನು ಬಾಡಿಗೆಯ ಲೆನ್ಸುಗಳ ಸಂಖ್ಯೆ ಇಳಿಸಿ ಹೊಂದಿಸಿದ್ದಾರೆ. ಈ ಸಲವೂ 35ರದು ಒಂದೇ.